ರೇಷನ್ ಅಂಗಡಿ ಲೈಸೆನ್ಸ್ ರದ್ದಾಯ್ತು, ನೇರ ಹೈಕೋರ್ಟಿಗೆ ಹೋಗ್ಬಹುದಾ?

ಪ್ರಶ್ನೆ: ನಮ್ಮಪ್ಪನ ಹೆಸರಲ್ಲಿ ನ್ಯಾಯಬೆಲೆ ಅಂಗಡಿ ಇತ್ತು. ಫುಡ್ ಇನ್ಸ್‌ಪೆಕ್ಟರ್ ಬಂದು ತೂಕ ಹಾಕಿಸಿ ಅಕ್ಕಿ ಕಮ್ಮಿ ಇದೆ ಅಂತ ಬರ್ಕೊಂಡು ಹೋದ್ರು, ಮೊದ್ಲು ಅಮಾನತು ಮಾಡಿದ್ರು, ಈಗ ರದ್ದು ಅಂತ ಆರ್ಡರ್ ಬಂದಿದೆ. ಕಾರ್ಡುಗಳನ್ನೆಲ್ಲ ಪಕ್ಕದೂರಿನ ಅಂಗಡಿಗೆ ಹಾಕಿದಾರೆ. ನೇರ ಹೈಕೋರ್ಟಿಗೆ ಹೋಗ್ಬಹುದಾ?

ಉತ್ತರ: ಹೋಗೋಕೆ ಯಾರೂ ಅಡ್ಡ ಬರಲ್ಲ, ಆದ್ರೆ ರಿಟ್ (ಸರ್ಕಾರಿ ಆರ್ಡರ್ ಪ್ರಶ್ನಿಸಿ ಹೈಕೋರ್ಟಿಗೆ ಹಾಕೋ ಅರ್ಜಿ) ಹಾಕಿದ ತಕ್ಷಣ ಜಡ್ಜು ಕೇಳೋದೇ "ಅಪೀಲ್ ಹಾಕಿದ್ರಾ" ಅಂತ. ಇಲ್ಲ ಅಂದ್ರೆ ಹೆಚ್ಚಿನ ಸಲ "ಮೊದ್ಲು ಅಪೀಲ್ ಕೇಳೋ ಅಧಿಕಾರಿ ಹತ್ರ ಹೋಗಿ" ಅಂತ ವಾಪಸ್ ಕಳಿಸ್ತಾರೆ, ಅಷ್ಟರಲ್ಲಿ ನಿಮ್ಮ ತಿಂಗಳುಗಳು ಹೋಗಿರ್ತವೆ. ಯಾಕಂದ್ರೆ ಈ ಲೈಸೆನ್ಸ್ ಅನ್ನೋದು 1955ರ ಅಗತ್ಯ ವಸ್ತುಗಳ ಕಾಯ್ದೆ ಕೆಳಗೆ ಬರೋ ಕಂಟ್ರೋಲ್ ಆರ್ಡರ್‌ಗಳ (ರೇಷನ್ ಹಂಚಿಕೆಗೆ ಸರ್ಕಾರ ಮಾಡಿರೋ ನಿಯಮಗಳ) ಮೇಲೆ ನಿಂತಿರೋದು, ಕೇಂದ್ರದ್ದು 2015ರದು, ನಮ್ಮ ಕರ್ನಾಟಕದ್ದು 2016ರದು, ಅವುಗಳಲ್ಲೇ ಅಪೀಲ್ ದಾರಿ ಇಟ್ಟಿದಾರೆ. ಕೇಂದ್ರದ ಆದೇಶದ ಪ್ರಕಾರ ಆರ್ಡರ್ ಕೈಗೆ ಸಿಕ್ಕ ದಿನದಿಂದ 30 ದಿನ. ಕೈಗೆ ಸಿಕ್ಕ ದಿನ ಅಂದೆ ನೋಡಿ, ಆ ಅಂಚೆ ಕವರ್ ಬಿಸಾಕಬೇಡಿ, ಅದರ ಮೇಲಿನ ಸೀಲೇ ನಿಮಗೆ ಸಾಕ್ಷಿ.

ಅಪೀಲ್ ಜೊತೇಲೇ ತಡೆಯಾಜ್ಞೆ ಅರ್ಜಿನೂ ಹಾಕಿ. ಬರೀ ಅಪೀಲ್ ಹಾಕಿ ಕೂತ್ರೆ ಅಂಗಡಿ ಬಾಗಿಲು ತೆಗೆಯಲ್ಲ.

ಹಾಗಾದ್ರೆ ನೇರ ಹೈಕೋರ್ಟ್ ಯಾವಾಗ? ಸುಪ್ರೀಂ ಕೋರ್ಟ್ 1998ರಲ್ಲಿ ವರ್ಲ್‌ಪೂಲ್ ಕೇಸಲ್ಲಿ ಹೇಳಿದೆ, ನಿಮ್ಮ ಮಾತು ಕೇಳದೇ ಆರ್ಡರ್ ಮಾಡಿದ್ರೆ, ಅಧಿಕಾರವೇ ಇಲ್ಲದವ್ರು ಮಾಡಿದ್ರೆ, ಮೂಲಭೂತ ಹಕ್ಕಿಗೆ ಧಕ್ಕೆ ಆದ್ರೆ, ಬೇರೆ ದಾರಿ ಇದ್ರೂ ರಿಟ್ ನಡೆಯತ್ತೆ. ನೋಟಿಸೇ ಕೊಡದೆ ರದ್ದು ಮಾಡಿದಾರೆ ಅನ್ನೋ ಥರದ ಕೇಸು ಇಲ್ಲಿ ಬರತ್ತೆ. "ನಾವು ತಪ್ಪು ಮಾಡಿಲ್ಲ, ಅಕ್ಕಿ ಸರಿಯಾಗಿತ್ತು" ಅನ್ನೋದು ಬರಲ್ಲ, ಹೈಕೋರ್ಟು ಚೀಲ ಎಣಿಸೋಕೆ ಕೂರಲ್ಲ.

ಈಗ ಆರ್ಡರ್ ಕಾಪಿ ತೆಗೆದು ಕೊನೇ ಪುಟ ಓದಿ. ಬಹಳ ಆರ್ಡರುಗಳಲ್ಲಿ ಎರಡು ಪುಟ ಇನ್ಸ್‌ಪೆಕ್ಟರ್ ವರದಿ ನಕಲು ಮಾಡಿ, ಕೊನೆಗೆ "ಸದರಿಯವರ ಸಮಜಾಯಿಷಿ ತೃಪ್ತಿಕರವಾಗಿರುವುದಿಲ್ಲ, ಆದ್ದರಿಂದ ಪ್ರಾಧಿಕಾರ ಪತ್ರವನ್ನು ರದ್ದುಪಡಿಸಿದೆ" ಅಂತ ಒಂದೇ ಸಾಲು. ಯಾಕೆ ತೃಪ್ತಿಕರ ಅಲ್ಲ? ಉತ್ತರ ಇಲ್ಲ. ನನ್ನ ಪ್ರಕಾರ ಅಪೀಲಲ್ಲಿ ಮೊದಲು ಹಿಡಿಯಬೇಕಾದ್ದು ಇದನ್ನೇ. ಆರ್ಡರಲ್ಲಿ ಇಲ್ಲದ ಕಾರಣನ ಆಮೇಲೆ ಅಫಿಡವಿಟ್ ಹಾಕಿ ತುಂಬಿಸೋಕಾಗಲ್ಲ ಅಂತ ಮೊಹಿಂದರ್ ಸಿಂಗ್ ಗಿಲ್ ಕೇಸಲ್ಲಿ 1977ರಲ್ಲೇ ತೀರ್ಮಾನ ಆಗಿದೆ, ವಕೀಲರು ಇವತ್ತಿಗೂ ಅದನ್ನೇ ಓದೋದು.

ಆಮೇಲೆ ಮಹಜರು, ಅಂದ್ರೆ ಸಾಕ್ಷಿಗಳ (ಪಂಚರ) ಮುಂದೆ ಅಲ್ಲೇ ಬರ್ಕೊಂಡ ವರದಿ. ಯಾರ ಮುಂದೆ ತೂಕ ಆಯ್ತು, ಪಂಚರು ಯಾರು, ಅಪ್ಪನ ಸಹಿ ಇದೆಯಾ, ಕಾಪಿ ಕೊಟ್ರಾ, ನೋಟಿಸ್ ಜೊತೆ ಆ ವರದಿ ಇಟ್ಟಿದ್ರಾ? ಯಾವ ಕಾಗದ ನಂಬಿ ರದ್ದು ಮಾಡಿದ್ರೋ ಅದನ್ನ ನಿಮಗೆ ತೋರಿಸದಿದ್ರೆ ಅದು ದೊಡ್ಡ ಪಾಯಿಂಟು. ಇನ್ನು ಅಕ್ಕಿ ಕಮ್ಮಿ ಬಂದಿದ್ದು ಹೇಗೆ ಅಂತ ಲೆಕ್ಕ ಹಾಕಿ, ಮೆಷಿನ್ನಲ್ಲಿ ತೋರ್ಸೋ ಬ್ಯಾಲೆನ್ಸು ಬೇರೆ, ಗೋಡೌನಿಂದ ನಿಜವಾಗಿ ಇಳಿದಿದ್ದು ಬೇರೆ ಇರತ್ತೆ, ಗೋಣಿಚೀಲದ ತೂಕ ಕಳೆದ್ರಾ ಇಲ್ವಾ, ಸರ್ವರ್ ಡೌನ್ ಇದ್ದ ದಿನ ಬೆರಳಚ್ಚು ಇಲ್ದೆ ಕೊಟ್ಟು ರಿಜಿಸ್ಟರಲ್ಲಿ ಬರ್ಕೊಂಡಿದ್ರಾ, ಇದೆಲ್ಲ ಕ್ವಿಂಟಲ್ ಕೆಜಿ ಸಮೇತ ತಾರೀಖು ಹಾಕಿ ಬರೀಬೇಕು.

ಪಕ್ಕದೂರಿಗೆ ಕಾರ್ಡ್ ಹೋಗಿದ್ದಕ್ಕೆ ಹೆದರಬೇಡಿ, ಅದು ತಾತ್ಕಾಲಿಕ ವ್ಯವಸ್ಥೆ. ಆದ್ರೆ ನಿಮ್ಮ ಜಾಗಕ್ಕೆ ಬೇರೆಯವ್ರಿಗೆ ಹೊಸದಾಗಿ ಅಂಗಡಿ ಕೊಟ್ಬಿಟ್ರೆ ತಲೆನೋವು ಶುರು. 2015ರಲ್ಲಿ ಉತ್ತರ ಪ್ರದೇಶದ ಪೂನಂ ಕೇಸಲ್ಲಿ ರದ್ದಾದ ಮೇಲೆ ಅಂಗಡಿ ಪಡೆದವ್ರು ಕೇಸಲ್ಲಿ ಅಗತ್ಯ ಪಾರ್ಟಿ (ಕಕ್ಷಿದಾರ) ಅಲ್ಲ ಅಂತ ಸುಪ್ರೀಂ ಕೋರ್ಟ್ ಹೇಳಿತ್ತು, 2022ರಲ್ಲಿ ರಾಮ್ ಕುಮಾರ್ ಕೇಸಲ್ಲಿ ಮಾತ್ರ ರೆಗ್ಯುಲರಾಗಿ ಅಲಾಟ್ ಆದವ್ರ ಮಾತೂ ಕೇಳಬೇಕು ಅಂತು. ಅದಕ್ಕೇ ಹೊಸಬ್ರು ಬಂದಿದ್ರೆ ಅವ್ರನ್ನೂ ಪಾರ್ಟಿ ಮಾಡ್ಬಿಡಿ, ಗೆದ್ದ ಮೇಲೆ ಅದೇ ಕಾರಣಕ್ಕೆ ಬಿದ್ದುಹೋಗೋದು ಬೇಡ.

ಅಪೀಲಲ್ಲೂ ಸೋತ್ರೆ ಸಂವಿಧಾನದ 226ನೇ ವಿಧಿ ಕೆಳಗೆ ಹೈಕೋರ್ಟಲ್ಲಿ ರಿಟ್, ಬೆಳಗಾವಿ ಕಡೆಯವ್ರಿಗೆ ಧಾರವಾಡ ಪೀಠ, ಬೀದರ್ ಕಡೆಯವ್ರಿಗೆ ಕಲಬುರಗಿ. ಅಲ್ಲಿ ಗೆದ್ರೂ ಎಷ್ಟೋ ಸಲ ಸಿಗೋದು ಅಂಗಡಿ ಕೀಲಿ ಅಲ್ಲ, ಆರ್ಡರ್ ರದ್ದಾಗಿ "ಮತ್ತೆ ನೋಟಿಸ್ ಕೊಟ್ಟು ವಿಚಾರಣೆ ಮಾಡಿ" ಅಂತ ಫೈಲು ಅದೇ ಟೇಬಲ್ಲಿಗೆ ವಾಪಸ್ ಬರತ್ತೆ. ಆಗ "ನಾನು ನಿರಪರಾಧಿ, ದಯಮಾಡಿ ಕ್ಷಮಿಸಿ" ಅಂತ ಎರಡು ಸಾಲು ಗೀಚಿ ಕೊಡ್ಬೇಡಿ. ತಪ್ಪು ಮಾಡಿಲ್ಲ ಅಂದ್ಮೇಲೆ ಕ್ಷಮೆ ಯಾಕೆ ಕೇಳಿದ್ರಿ ಅಂತ ಅದನ್ನೇ ಆರ್ಡರಲ್ಲಿ ಬರೀತಾರೆ.