ಡಿಜಿಟಲ್ ಎಂದರೆ ಏನು?

ಡಿಜಿಟಲ್ ಪಾವತಿ, ಡಿಜಿಟಲ್ ಕ್ಯಾಮೆರಾ, ಡಿಜಿಟಲ್ ಸಹಿ, ಡಿಜಿಟಲ್ ತರಗತಿ. ಈ ಪದ ಈಗ ಯಾವುದರ ಮುಂದೆ ಬೇಕಾದರೂ ಬಂದು ಕೂರುತ್ತದೆ. ಅರ್ಥ ಕೇಳಿದರೆ ಹೆಚ್ಚಿನವರು ‘ಕಂಪ್ಯೂಟರಿನಲ್ಲಿ ಆಗುವಂಥದ್ದು’ ಎನ್ನುತ್ತಾರೆ. ದಿನದ ಬಳಕೆಗೆ ಅಷ್ಟು ಸಾಕು. ಆದರೆ ಕಂಪ್ಯೂಟರ್ ಬಂದ ಮೇಲೆ ನಮ್ಮ ಬದುಕು ಯಾಕೆ ಇಷ್ಟೊಂದು ಬದಲಾಯಿತು ಎಂದು ತಿಳಿಯಬೇಕಾದರೆ ಇನ್ನೂ ಸ್ವಲ್ಪ ಒಳಗೆ ಹೋಗಿ ನೋಡಬೇಕು.

ಯಾವುದೇ ವಿಷಯವನ್ನು ಬಿಡಿ ಬಿಡಿ ಅಂಕಿಗಳಾಗಿ ಬರೆದಿಡುವುದೇ ಡಿಜಿಟಲ್. ಅಕ್ಷರ ಇರಲಿ, ದನಿ ಇರಲಿ, ಚಿತ್ರ ಇರಲಿ, ದುಡ್ಡೇ ಇರಲಿ.

ಪಾದರಸದ ಥರ್ಮಾಮೀಟರ್ ನೋಡಿ. ಜ್ವರ ಏರಿದ ಹಾಗೆ ಪಾದರಸವೂ ಏರುತ್ತದೆ. 37ಕ್ಕೂ 38ಕ್ಕೂ ನಡುವೆ ಅದು ಎಲ್ಲಿ ಬೇಕಾದರೂ ನಿಲ್ಲಬಹುದು. ಇದು ಅನಲಾಗ್. ಅಂಕಿ ತೋರಿಸುವ ಥರ್ಮಾಮೀಟರಿನಲ್ಲಿ 37.4 ಆದ ಮೇಲೆ ಸೀದಾ 37.5. ನಡುವೆ ಏನೂ ಇಲ್ಲ. ಅನಲಾಗ್ ಎಂದರೆ ಇಳಿಜಾರು, ಡಿಜಿಟಲ್ ಎಂದರೆ ಮೆಟ್ಟಿಲು. ಮೆಟ್ಟಿಲುಗಳು ತೀರಾ ಸಣ್ಣದಾದರೆ ನಮಗೆ ಅವು ಇರುವುದೇ ಗೊತ್ತಾಗುವುದಿಲ್ಲ. 1982ರಲ್ಲಿ ಮಾರುಕಟ್ಟೆಗೆ ಬಂದ ಸಿ.ಡಿ.ಯಲ್ಲಿ ಒಂದು ಸೆಕೆಂಡಿನ ಹಾಡನ್ನು 44,100 ಸಲ ಅಳೆದು ಬರೆದಿರುತ್ತಾರೆ. ಎಡಗಿವಿಗೆ ಬೇರೆ, ಬಲಗಿವಿಗೆ ಬೇರೆ. ಪ್ರತಿ ಅಳತೆಯೂ 65,536 ಮೆಟ್ಟಿಲುಗಳಲ್ಲಿ ಯಾವುದೋ ಒಂದರ ಮೇಲೆ ನಿಲ್ಲುತ್ತದೆ. ಕೇಳುವವರಿಗೆ ಬರೀ ಹಾಡು ಕೇಳಿಸುತ್ತದೆ.

ಚಿತ್ರದ ಕತೆಯೂ ಇದೇ. 1957ರಲ್ಲಿ ಅಮೆರಿಕದ ರಸೆಲ್ ಕಿರ್ಶ್ ಎಂಬ ಎಂಜಿನಿಯರ್ ತಮ್ಮ 3 ತಿಂಗಳ ಮಗುವಿನ ಫೋಟೊ ಒಂದನ್ನು ಕಂಪ್ಯೂಟರಿಗೆ ಓದಿಸಿದರು. ಅಂಗೈಯಲ್ಲಿ ಹಿಡಿಯುವಷ್ಟು ಸಣ್ಣ ಫೋಟೊ. ಅಡ್ಡಕ್ಕೆ 176 ಚುಕ್ಕೆ, ಉದ್ದಕ್ಕೆ 176 ಚುಕ್ಕೆ. ಯಂತ್ರಕ್ಕೆ ಪ್ರತಿ ಚುಕ್ಕೆಯೂ ಕಪ್ಪು, ಇಲ್ಲವೇ ಬಿಳುಪು. ಬೂದು ಬಣ್ಣ ಬೇಕೆಂದರೆ ಬೆಳಕಿನ ಮಟ್ಟ ಬದಲಿಸಿ ಮತ್ತೆ ಓದಿಸಿ ಜೋಡಿಸಬೇಕಿತ್ತು. ಹೀಗೆ ಸುಮಾರು 31,000 ಚುಕ್ಕೆಗಳಲ್ಲಿ ಒಂದು ಮಗುವಿನ ಮುಖ ಮೂಡಿತು. ಇಂದಿನ ಫೋನಿನ ಒಂದು ಫೋಟೊದಲ್ಲಿ ಕೋಟಿಗೂ ಜಾಸ್ತಿ ಚುಕ್ಕೆಗಳಿರುತ್ತವೆ. ಆದರೂ ಮಾಡುವ ಕೆಲಸ ಅದೇ.

ಅಕ್ಷರ ಇನ್ನೂ ಸುಲಭ. ನೀವು ಈಗ ಓದುತ್ತಿರುವ ‘ಕ’ ಅಕ್ಷರಕ್ಕೆ, ಜಗತ್ತಿನ ಲಿಪಿಗಳ ಅಕ್ಷರಗಳಿಗೆ ಸಂಖ್ಯೆ ಕೊಡುವ ಯುನಿಕೋಡ್ ಪಟ್ಟಿಯಲ್ಲಿ, 3221 ಎಂಬ ಸಂಖ್ಯೆ ಇದೆ. ‘ಅ’ ಅಕ್ಷರಕ್ಕೆ 3205. ಕಂಪ್ಯೂಟರಿನೊಳಗೆ ‘ಕ’ ಎಂಬ ಆಕಾರ ಎಲ್ಲೂ ಕೂತಿಲ್ಲ. ಇರುವುದು ಈ ಸಂಖ್ಯೆ. ಅದನ್ನೂ 0 ಮತ್ತು 1 ಮಾತ್ರ ಬಳಸಿ ಬರೆದರೆ 110010010101 ಆಗುತ್ತದೆ. ಎರಡೇ ಅಂಕಿ ಯಾಕೆ ಎಂದರೆ, ಯಂತ್ರಕ್ಕೆ ‘ಇದೆ’, ‘ಇಲ್ಲ’ ಎನ್ನುವುದನ್ನು ಗುರುತಿಸುವುದು ಬಹಳ ಸುಲಭ. ತಂತಿಯಲ್ಲಿ ಕರೆಂಟ್ ಇದೆಯೋ ಇಲ್ಲವೋ, ಅಷ್ಟೇ ನೋಡಿದರೆ ಸಾಕು.

ಇದಕ್ಕೆಲ್ಲ ಗಟ್ಟಿ ಬುನಾದಿ ಹಾಕಿದವರು ಅಮೆರಿಕದ ಗಣಿತಜ್ಞ ಕ್ಲಾಡ್ ಶಾನನ್. 1948ರಲ್ಲಿ ಬಂದ ಅವರ ಪ್ರಬಂಧದ ತಿರುಳು ಇದು: ಸಂದೇಶ ಏನೇ ಇರಲಿ, ಅದರಲ್ಲಿ ಎಷ್ಟು ಮಾಹಿತಿ ಇದೆ ಎಂದು ಅಳೆಯಬಹುದು. ಆ ಅಳತೆಯ ಘಟಕವೇ ಬಿಟ್, ಅಂದರೆ ಒಂದು 0 ಅಥವಾ ಒಂದು 1. ನನ್ನ ಮಟ್ಟಿಗೆ ಇಪ್ಪತ್ತನೇ ಶತಮಾನದ ಅತಿ ದೊಡ್ಡ ಹೊಳಹುಗಳಲ್ಲಿ ಇದೂ ಒಂದು. ಅಲ್ಲಿಯವರೆಗೆ ಹಾಡಿಗೆ ಒಂದು ಯಂತ್ರ, ಪತ್ರಕ್ಕೆ ಒಂದು ದಾರಿ, ಚಿತ್ರಕ್ಕೆ ಇನ್ನೊಂದು ಫಿಲ್ಮು. ಎಲ್ಲವೂ ಬಿಟ್ ಆದ ಮೇಲೆ ಎಲ್ಲಕ್ಕೂ ಒಂದೇ ಯಂತ್ರ, ಒಂದೇ ತಂತಿ, ಒಂದೇ ಡಬ್ಬಿ. ಟೇಪ್ ರೆಕಾರ್ಡರ್, ಕ್ಯಾಮೆರಾ, ಗಡಿಯಾರ, ನಕ್ಷೆ, ಟಾರ್ಚು ಎಲ್ಲ ಹೋಗಿ ಒಂದು ಫೋನಿನೊಳಗೆ ಸೇರಿದವಲ್ಲ, ಟಾರ್ಚು ಒಂದನ್ನು ಬಿಟ್ಟರೆ ಉಳಿದವಕ್ಕೆಲ್ಲ ಕಾರಣ ಇದೇ.

ಇಲ್ಲೊಂದು ಮಾತು ಹೇಳಿಬಿಡುತ್ತೇನೆ. ಡಿಜಿಟಲ್ ಆಗಲು ಕರೆಂಟೇ ಬೇಕೆಂದಿಲ್ಲ. ಕಣ್ಣು ಕಾಣದವರು ಬೆರಳಿನಿಂದ ಮುಟ್ಟಿ ಓದಲೆಂದು ಲೂಯಿ ಬ್ರೈಲ್ ರೂಪಿಸಿದ ಲಿಪಿಯಲ್ಲಿ ಒಂದು ಅಕ್ಷರಕ್ಕೆ 6 ಜಾಗ. ಪ್ರತಿ ಜಾಗದಲ್ಲೂ ಉಬ್ಬು ಇದೆ, ಇಲ್ಲವೇ ಇಲ್ಲ. ಅದೂ ಡಿಜಿಟಲ್ಲೇ. 1890ರ ಅಮೆರಿಕದ ಜನಗಣತಿಯಲ್ಲಿ ಹರ್ಮನ್ ಹೊಲೆರಿತ್ ರಟ್ಟಿನ ಕಾರ್ಡುಗಳಲ್ಲಿ ತೂತು ಮಾಡಿ ಜನರ ವಿವರ ದಾಖಲಿಸಿದರು. ವಯಸ್ಸು, ಲಿಂಗ, ಕಸುಬು ಎಲ್ಲಕ್ಕೂ ಒಂದೊಂದು ತೂತು. ಎಣಿಸುವ ಕೆಲಸ ಯಂತ್ರದ್ದು. ಅದಕ್ಕೂ ಹಿಂದಿನ ಗಣತಿಯ ಲೆಕ್ಕ ಮುಗಿಯಲು ವರ್ಷಗಟ್ಟಲೆ ಹಿಡಿದಿತ್ತು.

ಸರಿ, ಎಲ್ಲ ಅಂಕಿ ಆಯಿತು. ಅದರಿಂದ ಸಮಾಜ ಯಾಕೆ ಬದಲಾಗಬೇಕು?

ಮೊದಲ ಕಾರಣ ನಕಲು. ಕ್ಯಾಸೆಟ್ ಕಾಲ ನೆನಪಿರುವವರಿಗೆ ಇದು ತಕ್ಷಣ ಅರ್ಥವಾಗುತ್ತದೆ. ಕ್ಯಾಸೆಟ್ಟಿನಿಂದ ಕ್ಯಾಸೆಟ್ಟಿಗೆ ಹಾಡು ಇಳಿಸಿದರೆ ಸ್ವಲ್ಪ ಗುಸುಗುಸು ಸೇರುತ್ತಿತ್ತು. ಆ ನಕಲಿನ ನಕಲು ಮಾಡಿದರೆ ಇನ್ನೂ ಜಾಸ್ತಿ. ಹತ್ತು ಕೈ ದಾಟುವ ಹೊತ್ತಿಗೆ ಹಾಡಿಗಿಂತ ಗದ್ದಲವೇ ಹೆಚ್ಚು. ಅಂಕಿಗೆ ಈ ಕಾಯಿಲೆ ಇಲ್ಲ. 1 ಎಂಬುದು ಸ್ವಲ್ಪ ಮಸುಕಾಗಿ ಬಂದರೂ ಯಂತ್ರ ಅದನ್ನು 1 ಎಂದೇ ಓದಿ, ಮತ್ತೆ ಸ್ಪಷ್ಟವಾಗಿ 1 ಎಂದೇ ಬರೆಯುತ್ತದೆ. ನಡುವೆ ಒಂದು ಅಂಕಿ ತಪ್ಪಿದರೂ ತಾನೇ ಕಂಡುಹಿಡಿದು ಸರಿಪಡಿಸುವ ವಿಧಾನವನ್ನು ಅಮೆರಿಕದ ಗಣಿತಜ್ಞ ರಿಚರ್ಡ್ ಹ್ಯಾಮಿಂಗ್ 1950ರಲ್ಲೇ ಪ್ರಕಟಿಸಿದ್ದರು. ಗೀರು ಬಿದ್ದ ಸಿ.ಡಿ.ಯೂ ಹಾಡುತ್ತಿದ್ದದ್ದು ಇಂಥದ್ದೇ ವಿಧಾನದಿಂದ. ಹಾಗಾಗಿ ಸಾವಿರನೇ ನಕಲಿಗೂ ಮೂಲಕ್ಕೂ ಕೂದಲೆಳೆಯಷ್ಟೂ ವ್ಯತ್ಯಾಸ ಇರುವುದಿಲ್ಲ. ಖರ್ಚಂತೂ ಇಲ್ಲವೇ ಇಲ್ಲ ಎನ್ನುವಷ್ಟು ಕಡಿಮೆ.

ನಕಲು ಮಾಡುವುದು ಕಷ್ಟ ಎಂಬುದರ ಮೇಲೆಯೇ ಎಷ್ಟೋ ಉದ್ಯಮಗಳು ನಿಂತಿದ್ದವು. ಹಾಡಿನ ಕಂಪನಿ ಮಾರುತ್ತಿದ್ದದ್ದು ಡಿಸ್ಕು, ಪತ್ರಿಕೆ ಮಾರುತ್ತಿದ್ದದ್ದು ಕಾಗದ, ಫೋಟೊ ಕಂಪನಿ ಮಾರುತ್ತಿದ್ದದ್ದು ಫಿಲ್ಮು. 1975ರಲ್ಲಿ ಕೊಡಾಕ್ ಕಂಪನಿಯ ಸ್ಟೀವನ್ ಸ್ಯಾಸನ್ ಒಂದು ಡಿಜಿಟಲ್ ಕ್ಯಾಮೆರಾ ಕಟ್ಟಿದರು. ಒಂದು ಚಿತ್ರವನ್ನು ಕ್ಯಾಸೆಟ್ಟಿಗೆ ಬರೆಯಲು ಅದಕ್ಕೆ 23 ಸೆಕೆಂಡು ಬೇಕಿತ್ತು. ಚುಕ್ಕೆಗಳು ಹತ್ತು ಸಾವಿರ ಮಾತ್ರ. ಅದನ್ನು ನೋಡಿ ಫಿಲ್ಮಿಗೆ ಕುತ್ತು ಬಂತು ಎಂದು ಯಾರಿಗೆ ಅನ್ನಿಸೀತು? ಅದೇ ಕಂಪನಿ 2012ರಲ್ಲಿ ದಿವಾಳಿ ಅರ್ಜಿ ಹಾಕಿತು. ಹೀಗೆ ಬದಲಾದ ಪ್ರತಿ ಉದ್ಯಮದ ಹಿಂದೆ ಕೆಲಸ ಕಳೆದುಕೊಂಡ ಜನರಿದ್ದಾರೆ. ಫಿಲ್ಮು ತೊಳೆಯುವವರು, ಅಚ್ಚಿನ ಮೊಳೆ ಜೋಡಿಸುವವರು, ಟೈಪಿಸ್ಟರು. ‘ಹೊಸ ಕೆಲಸ ಹುಟ್ಟಿತಲ್ಲ’ ಎಂದು ಸುಲಭವಾಗಿ ಹೇಳಿಬಿಡುತ್ತೇವೆ. ಹುಟ್ಟಿದ್ದು ನಿಜ. ಆದರೆ ಅದು ಸಿಕ್ಕಿದ್ದು ಬಹಳ ಸಲ ಬೇರೆಯವರಿಗೆ.

ದೂರ ಎಂಬುದು ಕರಗಿದ್ದು ಎರಡನೆಯ ಬದಲಾವಣೆ. ಇದು ಎಲ್ಲರಿಗೂ ಗೊತ್ತಿರುವುದರಿಂದ ಜಾಸ್ತಿ ಬೆಳೆಸುವುದಿಲ್ಲ.

ಮೂರನೆಯದು ಹುಡುಕಾಟ. ನಾನು ಇದನ್ನೇ ಎಲ್ಲಕ್ಕಿಂತ ದೊಡ್ಡ ಬದಲಾವಣೆ ಎನ್ನುತ್ತೇನೆ, ಮತ್ತು ಇದರ ಬಗ್ಗೆಯೇ ನಾವು ಕಡಿಮೆ ಮಾತಾಡುತ್ತೇವೆ. ಕಾಗದದ ಕಾಲದಲ್ಲೂ ನಮ್ಮ ವಿವರ ಎಲ್ಲ ಕಡೆ ಇತ್ತು. ಕೋರ್ಟಿನಲ್ಲಿ, ಶಾಲೆಯಲ್ಲಿ, ಹಳೆಯ ಪತ್ರಿಕೆಯಲ್ಲಿ. ಎಷ್ಟೋ ದಾಖಲೆಗಳನ್ನು ಯಾರು ಬೇಕಾದರೂ ಹೋಗಿ ನೋಡಬಹುದಿತ್ತು. ಆದರೆ ಧೂಳು ಹಿಡಿದ ಕಡತಗಳ ನಡುವೆ ಹುಡುಕುವಷ್ಟು ಪುರುಸೊತ್ತು ಯಾರಿಗಿತ್ತು? ಆ ಕಷ್ಟವೇ ನಮಗೆ ಒಂದು ರಕ್ಷಣೆಯಾಗಿತ್ತು. ಯಾರೂ ಕಾನೂನು ಮಾಡಿ ಕೊಟ್ಟ ರಕ್ಷಣೆ ಅಲ್ಲ ಅದು. ಹಾಗಾಗಿ ಅದು ಹೋದದ್ದೂ ಯಾರ ಗಮನಕ್ಕೂ ಬರಲಿಲ್ಲ.

ಸ್ಪೇನಿನ ಒಬ್ಬ ವ್ಯಕ್ತಿಯ ವಿಷಯ ಕೇಳಿ. ಅವರ ಮೇಲಿದ್ದ ಬಾಕಿಗಾಗಿ ಆಸ್ತಿ ಹರಾಜಿಗಿದೆ ಎಂಬ ಪುಟ್ಟ ಪ್ರಕಟಣೆ 1998ರಲ್ಲಿ ಪತ್ರಿಕೆಯಲ್ಲಿ ಬಂದಿತ್ತು. ಬಾಕಿಯ ವಿಷಯ ಮುಗಿದು ವರ್ಷಗಳಾದವು. ಕಾಗದದ ಕಾಲವಾಗಿದ್ದರೆ ಅದು ರದ್ದಿಗೆ ಹೋಗಿ ಎಲ್ಲರೂ ಮರೆಯುತ್ತಿದ್ದರು. ಆದರೆ ಪತ್ರಿಕೆ ತನ್ನ ಹಳೆಯ ಸಂಚಿಕೆಗಳನ್ನು ಡಿಜಿಟಲ್ ಮಾಡಿತು. ಅವರ ಹೆಸರನ್ನು ಗೂಗಲ್‌ನಲ್ಲಿ ಹುಡುಕಿದರೆ ಆ ಹರಾಜಿನ ಸುದ್ದಿ ಬರತೊಡಗಿತು. ಅವರು ದೂರು ಕೊಟ್ಟರು. 2014ರಲ್ಲಿ ಐರೋಪ್ಯ ಒಕ್ಕೂಟದ ನ್ಯಾಯಾಲಯ ತೀರ್ಪು ಕೊಟ್ಟಿತು. ಹೆಸರು ಹುಡುಕಿದಾಗ ಸಿಗುವ, ಕಾಲ ಮೀರಿದ, ಈಗ ಪ್ರಸ್ತುತವಲ್ಲದ ಕೊಂಡಿಗಳನ್ನು ತೆಗೆಯುವಂತೆ ಜನ ಹುಡುಕು ಯಂತ್ರವನ್ನು ಕೇಳಬಹುದು ಎಂದಿತು. ಗಮನಿಸಿ, ಪತ್ರಿಕೆಯ ಪುಟ ಹಾಗೇ ಉಳಿಯಬಹುದಿತ್ತು. ತಕರಾರು ಇದ್ದದ್ದು ಹುಡುಕಾಟದ ಮೇಲೆ. ಮರೆವು ತಾನಾಗಿಯೇ ಆಗುತ್ತಿದ್ದ ಕಾಲ ಹೋಗಿ, ಅರ್ಜಿ ಹಾಕಿ ಮರೆಸಬೇಕಾದ ಕಾಲ ಬಂತು.

ಹುಡುಕಾಟದ ಜೊತೆಗೇ ಬರುವುದು ಜೋಡಣೆ. ಲಟಾನ್ಯ ಸ್ವೀನಿ ಎಂಬ ಸಂಶೋಧಕಿ 2000ದಲ್ಲಿ ಒಂದು ಲೆಕ್ಕ ತೋರಿಸಿದರು. ವಿಳಾಸದ ಅಂಚೆ ಸಂಖ್ಯೆ, ಲಿಂಗ, ಹುಟ್ಟಿದ ದಿನಾಂಕ, ಈ ಮೂರೇ ಗೊತ್ತಿದ್ದರೆ ಅಮೆರಿಕದ ಶೇ 87ರಷ್ಟು ಜನರನ್ನು ಬಹುಪಾಲು ಖಚಿತವಾಗಿ ಗುರುತಿಸಬಹುದು ಎಂದು. ಹೆಸರು ಬೇಡವೇ ಬೇಡ. ಒಂದೊಂದೇ ನೋಡಿದರೆ ಈ ಮೂರರಲ್ಲಿ ಯಾವ ಗುಟ್ಟೂ ಇಲ್ಲ, ಅಲ್ವಾ? ಎರಡು ಪಟ್ಟಿಗಳನ್ನು ಪಕ್ಕಪಕ್ಕ ಇಟ್ಟಾಗ ಗುಟ್ಟು ಹೊರಬರುತ್ತದೆ. ಆ ಕೆಲಸಕ್ಕೆ ಕಾಗದದಲ್ಲಿ ತಿಂಗಳು ಬೇಕು, ಕಂಪ್ಯೂಟರಿಗೆ ಕ್ಷಣ ಸಾಕು. ‘ನನ್ನ ಹತ್ತಿರ ಮುಚ್ಚಿಡುವಂಥದ್ದು ಏನೂ ಇಲ್ಲ’ ಎನ್ನುವವರು ಈ ಜೋಡಣೆಯನ್ನು ಲೆಕ್ಕಕ್ಕೆ ತೆಗೆದುಕೊಂಡಿರುವುದಿಲ್ಲ.

ಇಲ್ಲಿ ಎರಡು ಪದಗಳನ್ನು ಬೇರೆ ಮಾಡಿ ಹೇಳಬೇಕು. ಡಿಜಿಟೈಸೇಶನ್ ಎಂದರೆ ಇದ್ದದ್ದನ್ನು ಅಂಕಿಗೆ ಇಳಿಸುವುದು. ಕಡತವನ್ನು ಸ್ಕ್ಯಾನ್ ಮಾಡಿಟ್ಟರೆ ಅದು ಡಿಜಿಟೈಸೇಶನ್. ಡಿಜಿಟಲೈಸೇಶನ್ ಎಂದರೆ ಕೆಲಸದ ರೀತಿಯೇ ಬದಲಾಗುವುದು. ಕಡತವೇ ಬೇಡ, ಅರ್ಜಿ ಫೋನಿನಿಂದ, ತೀರ್ಮಾನ ತಂತ್ರಾಂಶದಿಂದ. ಮೊದಲನೆಯದರಲ್ಲಿ ಗುಮಾಸ್ತರು ಇದ್ದಾರೆ. ಎರಡನೆಯದರಲ್ಲಿ ಅವರ ಜಾಗಕ್ಕೆ ಒಂದು ನಿಯಮ ಬಂದಿದೆ.

ನಿಯಮ ಬಂದ ಮೇಲೆ ಆಗುವ ತೊಂದರೆ ಸಣ್ಣದಾಗಿ ಕಾಣುತ್ತದೆ. ಆನ್‌ಲೈನ್ ಅರ್ಜಿಯಲ್ಲಿ ‘ಕುಟುಂಬದ ಹೆಸರು’ ಎಂಬ ಖಾನೆ ಇರುತ್ತದೆ. ಪಕ್ಕದಲ್ಲಿ ಕೆಂಪು ನಕ್ಷತ್ರ. ಒಂದೇ ಹೆಸರಿರುವ ಜನ ಜಗತ್ತಿನಲ್ಲಿ ಕಡಿಮೆ ಇಲ್ಲ. ಖಾಲಿ ಬಿಟ್ಟರೆ ಅರ್ಜಿ ಮುಂದಕ್ಕೆ ಹೋಗುವುದಿಲ್ಲ. ಚುಕ್ಕೆ ಇಟ್ಟರೆ ‘ಅಕ್ಷರ ಮಾತ್ರ ಬರೆಯಿರಿ’ ಎನ್ನುತ್ತದೆ. ಕೊನೆಗೆ ಹೆಸರನ್ನೇ ಎರಡು ಸಲ ಬರೆಯುತ್ತಾರೆ. ಆಮೇಲೆ ಇನ್ನೊಂದು ದಾಖಲೆಯ ಜೊತೆ ಅದು ತಾಳೆಯಾಗುವುದಿಲ್ಲ. ಎದುರಿಗೆ ಒಬ್ಬ ಮನುಷ್ಯ ಕೂತಿದ್ದರೆ ವಿಷಯ ಹೇಳಿ ಒಪ್ಪಿಸಬಹುದಿತ್ತು. ಖಾನೆಗೆ ಏನು ಹೇಳಿ ಒಪ್ಪಿಸುವುದು? ಮೆಟ್ಟಿಲುಗಳ ನಡುವೆ ಇರುವುದನ್ನು ಡಿಜಿಟಲ್ ಬಿಟ್ಟುಬಿಡುತ್ತದೆ. ಹಾಡಿನಲ್ಲಿ ಬಿಟ್ಟುಹೋದದ್ದು ಕಿವಿಗೆ ಗೊತ್ತಾಗುವುದಿಲ್ಲ. ಸಮಾಜದಲ್ಲಿ ಹಾಗೆ ಬಿಟ್ಟುಹೋಗುವವರು ಮನುಷ್ಯರು. ಖಾನೆಗಳನ್ನು ಬರೆಯುವವರು ಯಾರು, ಅವರು ಯಾರನ್ನು ಮನಸ್ಸಿನಲ್ಲಿಟ್ಟುಕೊಂಡು ಬರೆದರು ಎಂದು ಕೇಳುವ ಹಕ್ಕು ನಮಗೆ ಬೇಕು.

ಡಿಜಿಟಲ್ ಆದದ್ದು ಶಾಶ್ವತ ಎಂಬ ನಂಬಿಕೆಯೂ ಇದೆ. ಅದೂ ಪೂರ್ತಿ ನಿಜವಲ್ಲ. ಇಂಗ್ಲೆಂಡಿನಲ್ಲಿ 1086ರಲ್ಲಿ ಜಮೀನುಗಳ ಒಂದು ದೊಡ್ಡ ಸಮೀಕ್ಷೆ ನಡೆಯಿತು. ಅದರ ದಾಖಲೆ ಡೂಮ್ಸ್‌ಡೇ ಪುಸ್ತಕ. ಅದಕ್ಕೆ 900 ವರ್ಷ ತುಂಬಿದಾಗ, 1986ರಲ್ಲಿ, ಬಿಬಿಸಿ ಹೊಸ ಕಾಲದ ಸಮೀಕ್ಷೆಯೊಂದನ್ನು ಹೊರತಂದಿತು. ಶಾಲಾ ಮಕ್ಕಳು ಬರೆದು ಕಳಿಸಿದ ವಿವರ, ಚಿತ್ರ, ನಕ್ಷೆ ಎಲ್ಲವನ್ನೂ ಲೇಸರ್ ಡಿಸ್ಕಿನಲ್ಲಿ ತುಂಬಿಟ್ಟರು. ಹದಿನೈದು ವರ್ಷ ಕಳೆಯುವಷ್ಟರಲ್ಲಿ ಆ ಡಿಸ್ಕು ಓದುವ ಯಂತ್ರಗಳೇ ಅಪರೂಪವಾದವು. ಹಳೆಯ ಯಂತ್ರದ ಹಾಗೆಯೇ ನಡೆದುಕೊಳ್ಳುವ ತಂತ್ರಾಂಶ ಬರೆದು, ಸಂಶೋಧಕರು ಕಷ್ಟಪಟ್ಟು ಮಾಹಿತಿ ಉಳಿಸಿಕೊಂಡರು. ಚರ್ಮದ ಹಾಳೆಯ ಮೇಲೆ ಬರೆದ ಮೂಲ ಪುಸ್ತಕ ಮಾತ್ರ ಇಂದಿಗೂ ಇದೆ, ಓದಲು ಬರುತ್ತದೆ. ಹಾಗಾಗಿ ಮನೆಯ ಫೋಟೊ ಇರಲಿ, ದೇಶದ ದಾಖಲೆ ಇರಲಿ, ಒಂದಕ್ಕಿಂತ ಹೆಚ್ಚು ಕಡೆ ಇಡಬೇಕು. ಆಗಾಗ ಹೊಸ ರೂಪಕ್ಕೆ ದಾಟಿಸುತ್ತಿರಬೇಕು. ನಕಲು ಸುಲಭ ಎಂಬ ಗುಣ ಇಲ್ಲಿ ನಮ್ಮ ನೆರವಿಗೆ ಬರುತ್ತದೆ.

ಈಗ ನಾವು ಅಂಕಿಯ ಲೋಕದಲ್ಲಿ ಎಷ್ಟು ದೂರ ಬಂದಿದ್ದೇವೆ? ಮಾರ್ಟಿನ್ ಹಿಲ್ಬರ್ಟ್ ಮತ್ತು ಪ್ರಿಸಿಲಾ ಲೋಪೆಜ್ ಎಂಬ ಸಂಶೋಧಕರು 2011ರಲ್ಲಿ ಪ್ರಕಟಿಸಿದ ಅಂದಾಜಿನ ಪ್ರಕಾರ, ಜಗತ್ತಿನ ಡಿಜಿಟಲ್ ಸಂಗ್ರಹದ ಸಾಮರ್ಥ್ಯ ಕಾಗದ, ಟೇಪು, ಫಿಲ್ಮು ಮೊದಲಾದ ಅನಲಾಗ್ ಸಂಗ್ರಹವನ್ನು ದಾಟಿದ್ದು 2002ರಲ್ಲಿ. 2007ರ ಹೊತ್ತಿಗೆ ಶೇ 94ರಷ್ಟು ಡಿಜಿಟಲ್ ಆಗಿತ್ತು. ಐದೇ ವರ್ಷ. ಕಾನೂನು ಬರೆಯುವವರಿಗೂ ಪಾಠ ಹೇಳುವವರಿಗೂ ಹೊಂದಿಕೊಳ್ಳಲು ಪುರುಸೊತ್ತು ಸಿಗಲಿಲ್ಲ ಎಂದರೆ ಆಶ್ಚರ್ಯವೇನಿಲ್ಲ.

ಸಂಗ್ರಹ ಅಷ್ಟು ಬೇಗ ದಾಟಿತು, ಜನ ದಾಟಲಿಲ್ಲ. ಅಂತರರಾಷ್ಟ್ರೀಯ ದೂರಸಂಪರ್ಕ ಒಕ್ಕೂಟದ 2024ರ ಲೆಕ್ಕದಂತೆ ಸುಮಾರು 260 ಕೋಟಿ ಜನ ಆಗಲೂ ಇಂಟರ್‌ನೆಟ್ ಬಳಸುತ್ತಿರಲಿಲ್ಲ. ಈ ಅಂತರಕ್ಕೆ ಡಿಜಿಟಲ್ ಡಿವೈಡ್ ಎನ್ನುತ್ತಾರೆ. ಫೋನ್ ಇದ್ದೂ ಓದಲು ಬಾರದವರು, ಕಣ್ಣು ಕಾಣದವರಿಗೆ ಹೊಂದದ ಆ್ಯಪ್ ಎದುರು ಕೂತವರು, ಒ.ಟಿ.ಪಿ. ಬರುವ ಫೋನ್ ಮನೆಯಲ್ಲಿ ಇನ್ನೊಬ್ಬರ ಕೈಯಲ್ಲಿರುವವರು ಆ ಲೆಕ್ಕದಲ್ಲಿ ಸೇರಿರಬೇಕೆಂದಿಲ್ಲ. ಎಲ್ಲವೂ ಕಾಗದದಲ್ಲಿದ್ದಾಗ ಇವರು ನಿಧಾನವಾಗಿಯಾದರೂ ಕೆಲಸ ಮುಗಿಸಿಕೊಳ್ಳುತ್ತಿದ್ದರು. ಕೌಂಟರ್ ಮುಚ್ಚಿದ ದಿನ ಅವರಿಗೆ ಉಳಿದ ದಾರಿಯೂ ಮುಚ್ಚುತ್ತದೆ. ಡಿಜಿಟಲ್ ಪಾವತಿಯಲ್ಲಿ ಎಲ್ಲರಿಗಿಂತ ಮುಂದಿರುವ ದೇಶಗಳಲ್ಲಿ ಒಂದಾದ ಸ್ವೀಡನ್ ಇದನ್ನು ಗಂಭೀರವಾಗಿ ತೆಗೆದುಕೊಂಡು, ದೊಡ್ಡ ಬ್ಯಾಂಕುಗಳು ನಗದು ಸೇವೆ ಕೊಡುತ್ತಲೇ ಇರಬೇಕು ಎಂಬ ಕಾನೂನನ್ನು 2021ರಿಂದ ಜಾರಿಗೆ ತಂದಿದೆ.