ಪೋಸ್ಟ್‌ಮೆಮೊರಿ: ಹುಟ್ಟುವುದಕ್ಕೆ ಮೊದಲಿನ ನೆನಪು

ಹೆತ್ತವರು ಅನುಭವಿಸಿದ ದೊಡ್ಡ ಆಘಾತವೊಂದು, ಅದು ಮುಗಿದ ಮೇಲೆ ಹುಟ್ಟಿದ ಮಕ್ಕಳಲ್ಲಿ ಅವರದೇ ನೆನಪೇನೋ ಎನ್ನುವಷ್ಟು ಗಾಢವಾಗಿ ಉಳಿದುಬಿಡುವುದನ್ನು ಪೋಸ್ಟ್‌ಮೆಮೊರಿ ಎನ್ನುತ್ತಾರೆ. ಕನ್ನಡದಲ್ಲಿ ಉತ್ತರಸ್ಮೃತಿ ಎನ್ನಬಹುದು. 1990ರ ದಶಕದ ಆರಂಭದಲ್ಲಿ ಈ ಮಾತನ್ನು ಚಲಾವಣೆಗೆ ತಂದವರು ವಿದ್ವಾಂಸೆ ಮೇರಿಯಾನ್ ಹರ್ಷ್. ಅವರು ಹುಟ್ಟಿದ್ದು ರುಮೇನಿಯಾದಲ್ಲಿ. ಅವರ ತಂದೆತಾಯಿ ಎರಡನೇ ಮಹಾಯುದ್ಧದ ಕಾಲದಲ್ಲಿ ನಡೆದ ಯಹೂದಿಯರ ಹತ್ಯಾಕಾಂಡದಿಂದ ಪಾರಾಗಿ ಬದುಕುಳಿದವರು.

ಮಗು ಏನನ್ನೂ ಕಣ್ಣಾರೆ ಕಂಡಿರುವುದಿಲ್ಲ. ಆದರೆ ಮನೆಯಲ್ಲಿ ಅರ್ಧಕ್ಕೇ ನಿಲ್ಲುವ ಮಾತು, ಹಳೆಯ ಫೋಟೋದಲ್ಲಿರುವ ಯಾರೂ ಹೆಸರೆತ್ತದ ನೆಂಟರು, ಕೆಲವು ಪ್ರಶ್ನೆಗಳಿಗೆ ಸಿಗುವ ಮೌನ ಇವೆಲ್ಲ ಅದರೊಳಗೆ ಇಳಿಯುತ್ತಲೇ ಇರುತ್ತವೆ. ಉಳಿದದ್ದನ್ನು ಕಲ್ಪನೆ ಕಟ್ಟಿಕೊಡುತ್ತದೆ. ತನ್ನದಲ್ಲದ್ದನ್ನು ನೆನಪೆಂದು ಕರೆಯುವುದು ಹೇಗೆ ಎಂದು ಆಕ್ಷೇಪಿಸಿದವರಿದ್ದಾರೆ. ಗತದೊಡನೆ ಇಲ್ಲಿರುವ ನಂಟು ಸ್ಮರಣೆಯದಲ್ಲ, ಕಲ್ಪನೆಯದು ಎಂದು ಹರ್ಷ್ ಸ್ವತಃ ಹೇಳುತ್ತಾರೆ.

ಈ ಪದ ಹುಟ್ಟುವುದಕ್ಕೆ ಎಷ್ಟೋ ಮೊದಲೇ ಅದರ ಅರ್ಥವನ್ನು ಬರೆದು ತೋರಿಸಿದವರು ಫ್ರೆಂಚ್ ಕಾದಂಬರಿಕಾರ ಪ್ಯಾಟ್ರಿಕ್ ಮೊದಿಯಾನೊ. ಅವರು ಹುಟ್ಟಿದ್ದು 1945ರ ಜುಲೈನಲ್ಲಿ, ಯೂರೋಪಿನಲ್ಲಿ ಯುದ್ಧ ಮುಗಿದ ಮೇಲೆ. ಯಹೂದಿಯಾದ ತಂದೆ ಜರ್ಮನ್ನರ ಹಿಡಿತದಲ್ಲಿದ್ದ ಪ್ಯಾರಿಸ್ಸಿನಲ್ಲಿ ಹೆಸರು ಮರೆಸಿಕೊಂಡು, ಕಾಳಸಂತೆಯ ವ್ಯವಹಾರದಲ್ಲಿ ದಿನ ದೂಡಿದ್ದರು. ಮಗನಿಗೆ ಅದರ ಬಗ್ಗೆ ಅವರು ಹೇಳಿದ್ದು ಅಲ್ಪಸ್ವಲ್ಪ. ಅಪ್ಪ ಬಲಿಪಶುವೋ, ದುಷ್ಟರ ಜತೆ ರಾಜಿಯಾದವನೋ ಎಂಬ ತೊಳಲಾಟ 1968ರ ಮೊದಲ ಕಾದಂಬರಿಯಿಂದಲೇ ಮೊದಿಯಾನೊ ಅವರನ್ನು ಬಿಟ್ಟಿಲ್ಲ. 1977ರ ಪುಸ್ತಕವೊಂದರಲ್ಲಿ ಅವರ ನಿರೂಪಕ ಹೇಳುತ್ತಾನೆ: ನನಗಾಗ ಇನ್ನೂ ಇಪ್ಪತ್ತು ವರ್ಷ, ಆದರೆ ನನ್ನ ನೆನಪು ನನ್ನ ಹುಟ್ಟಿಗಿಂತ ಮುಂಚಿನದಾಗಿತ್ತು. ಉತ್ತರಸ್ಮೃತಿಗೆ ಇದಕ್ಕಿಂತ ಒಳ್ಳೆಯ ವ್ಯಾಖ್ಯೆ ನನಗೆ ಗೊತ್ತಿಲ್ಲ.

1997ರಲ್ಲಿ ಬಂದ ‘ದೋರಾ ಬ್ರೂದೆ’ಯಲ್ಲಿ ಇದು ಅತ್ಯಂತ ನಿಚ್ಚಳವಾಗಿ ಕಾಣುತ್ತದೆ. 1941ರ ಡಿಸೆಂಬರ್ 31ರ ಪತ್ರಿಕೆಯಲ್ಲಿ ಒಂದು ಪ್ರಕಟಣೆ: ದೋರಾ ಬ್ರೂದೆ ಎಂಬ ಹದಿನೈದು ವರ್ಷದ ಹುಡುಗಿ ಕಾಣೆಯಾಗಿದ್ದಾಳೆ, ಎತ್ತರ 1.55 ಮೀಟರ್, ಸುಳಿವು ಸಿಕ್ಕವರು 41, ಬುಲೆವಾರ್ ಓರ್ನಾನೊ ವಿಳಾಸಕ್ಕೆ ತಿಳಿಸಬೇಕು. ದಶಕಗಳ ನಂತರ ಇದನ್ನು ಓದಿದ ಮೊದಿಯಾನೊ ವರ್ಷಗಟ್ಟಲೆ ಆಕೆಯ ಹೆಜ್ಜೆ ಹುಡುಕಿದರು. ಶಾಲೆಯ ದಾಖಲೆ, ಪೊಲೀಸ್ ಕಡತ, ರೈಲಿನಲ್ಲಿ ಸಾಗಿಸಲ್ಪಟ್ಟವರ ಪಟ್ಟಿ ಎಲ್ಲವನ್ನೂ ನೋಡಿದರು. ಯಹೂದಿಗಳಾದ ದೋರಾಳನ್ನೂ ಆಕೆಯ ತಂದೆಯನ್ನೂ 1942ರ ಸೆಪ್ಟೆಂಬರ್ 18ರಂದು ಪ್ಯಾರಿಸ್ ಬಳಿಯ ದ್ರಾಂಸಿ ಶಿಬಿರದಿಂದ ನಾಜಿಗಳ ಹತ್ಯಾ ಶಿಬಿರವಾದ ಆಶ್‌ವಿಟ್ಜ್‌ಗೆ ಕಳಿಸಲಾಗಿತ್ತು. ಹುಡುಕಾಟದ ನಡುವೆಯೇ ಮೊದಿಯಾನೊ ತಮ್ಮ ತಂದೆ 1942ರಲ್ಲಿ ಪೊಲೀಸರ ಕೈಗೆ ಸಿಕ್ಕಿ ತಪ್ಪಿಸಿಕೊಂಡ ಕತೆಗೂ ಬರುತ್ತಾರೆ. ಅಪರಿಚಿತ ಹುಡುಗಿಯ ಬದುಕಿನ ಮೂಲಕವೇ ಅಪ್ಪನ ಮೌನದ ಹತ್ತಿರ ಹೋಗಲು ಅವರಿಗೆ ಸಾಧ್ಯವಾಯಿತು.

ನನಗೆ ಮುಖ್ಯವಾಗಿ ಕಾಣುವುದು ಅವರು ತೋರಿದ ಸಂಯಮ. ಹಾಸ್ಟೆಲ್ಲಿನಿಂದ ಓಡಿಹೋದ ದೋರಾ ಆ ಚಳಿಗಾಲವನ್ನು ಎಲ್ಲಿ, ಯಾರೊಡನೆ ಕಳೆದಳು ಎಂಬುದಕ್ಕೆ ದಾಖಲೆ ಸಿಗಲಿಲ್ಲ. ನುರಿತ ಕಾದಂಬರಿಕಾರನಿಗೆ ಆ ತಿಂಗಳುಗಳನ್ನು ಹೆಣೆಯುವುದು ಕಷ್ಟವೇನಲ್ಲ. ಈ ಪುಸ್ತಕದಲ್ಲಿ ಅವರು ಹೆಣೆಯಲಿಲ್ಲ. ಅದು ಆಕೆಯ ಗುಟ್ಟು, ಕೊಂದವರೂ ಕಸಿದುಕೊಳ್ಳಲಾಗದ್ದು ಎಂದು ಬಿಟ್ಟುಬಿಟ್ಟರು. ಉತ್ತರಸ್ಮೃತಿ ಕಲ್ಪನೆಯ ಆಸರೆಯಲ್ಲಿ ಬದುಕುವುದು ನಿಜ. ಅದೇ ಕಾರಣಕ್ಕೆ ಸತ್ತವರ ಬಾಯಲ್ಲಿ ನಮ್ಮ ಮಾತು ತುರುಕುವ ಅಪಾಯವೂ ಅದಕ್ಕಿದೆ.

ಮೊದಿಯಾನೊ ಅವರಿಗೆ 2014ರಲ್ಲಿ ನೊಬೆಲ್ ಬಂತು. ಪದವಂತೂ ಯಹೂದಿ ಅನುಭವದ ಆಚೆಗೂ ಹೋಗಿದೆ. ಭಾರತದ ವಿಭಜನೆಯಲ್ಲಿ ಮನೆಮಠ ಕಳೆದುಕೊಂಡವರ ಮಕ್ಕಳು, ಮೊಮ್ಮಕ್ಕಳ ಬರಹವನ್ನು ಚರ್ಚಿಸುವವರೂ ಈಗ ಇದನ್ನು ಬಳಸುತ್ತಾರೆ.