ಬಳ್ಳಿಗಾವಿ ಕಲ್ಲಿಗೆ ಯಾವ ಮಂತ್ರಿ? ಪರಂಪರೆ ಖಾತೆ ಹಂಚಿಹೋದ ಹಿನ್ನೆಲೆ

ತಾಳಗುಂದದ ಪ್ರಣವೇಶ್ವರ ಗುಡಿ ಎದುರು ಇರೋ ಕಂಬ ಶಿಕಾರಿಪುರ ಕಡೆಯವರಿಗೆಲ್ಲ ಗೊತ್ತು. ಮಯೂರಶರ್ಮ ಕಂಚಿಗೆ ಓದೋಕೆ ಹೋಗಿ, ಅಲ್ಲಿ ಪಲ್ಲವರ ಕುದುರೆ ಸವಾರನ ಜೊತೆ ಜಗಳ ಆಗಿ, ಅವಮಾನ ತಡೀಲಾರದೆ ಕತ್ತಿ ಹಿಡಿದು ಕದಂಬ ರಾಜ್ಯ ಕಟ್ಟಿದ ಕಥೆ ನಮಗೆ ಸಿಕ್ಕಿದ್ದೇ ಆ ಕಂಬದಿಂದ. ಅದರ ಮೇಲಿರೋ ಸಂಸ್ಕೃತ ಪದ್ಯ ಬರೆದವನು ಕುಬ್ಜ ಅನ್ನೋ ಕವಿ. ಶಾಸನ ತಜ್ಞ ಬಿ.ಎಲ್. ರೈಸ್ ಅದನ್ನ 1894ರಲ್ಲಿ ಗುರುತಿಸಿದ್ರು. ಇವತ್ತು ಆ ಕಂಬಕ್ಕೆ ಬೇಲಿ ಇದೆ, ನೀಲಿ ಬೋರ್ಡಿದೆ, ಕೇಂದ್ರ ಸರ್ಕಾರದ ಕಾನೂನಿದೆ. ಆದ್ರೆ ಅಲ್ಲೇ ಸುತ್ತಮುತ್ತ ಸೊರಬ, ಶಿಕಾರಿಪುರ, ಸಾಗರ ಕಡೆ ಕೆರೆ ಏರಿ ಮೇಲೆ, ಅಡಿಕೆ ತೋಟದ ಬದಿಯಲ್ಲಿ, ಶಾಲೆ ಕಾಂಪೌಂಡಿಗೆ ಒರಗಿಸಿಟ್ಟ ವೀರಗಲ್ಲು, ಮಾಸ್ತಿಕಲ್ಲು ಎಷ್ಟಿವೆ ನೋಡಿ, ಅವಕ್ಕೆ ಯಾರು ದಿಕ್ಕು? ಯಾರನ್ನ ಕೇಳಬೇಕು? ತಹಶೀಲ್ದಾರ್ ಕೇಳಿದ್ರೆ ಪುರಾತತ್ವ ಇಲಾಖೆ ಅಂತಾರೆ, ಅವರನ್ನ ಕೇಳಿದ್ರೆ ಅದು ನಮ್ಮ ಲಿಸ್ಟಲ್ಲಿ ಇಲ್ಲ ಅಂತಾರೆ, ಮುಜರಾಯಿಯವರು ಗುಡಿ ಒಳಗಿದ್ರೆ ಮಾತ್ರ ನಮ್ದು ಅಂತಾರೆ, ಕಾಡೊಳಗಿದ್ರೆ ಅರಣ್ಯ ಇಲಾಖೆ.

ಇಷ್ಟಕ್ಕೆಲ್ಲ ಒಬ್ಬ ಪರಂಪರೆ ಮಂತ್ರಿ ಇರಬೇಕಲ್ವಾ ಅಂತ ಬಹಳ ಜನ ಕೇಳ್ತಾರೆ. ಆ ಹೆಸರಿನದೇ ಒಂದು ಪ್ರತ್ಯೇಕ ಖಾತೆ ನಮ್ಮಲ್ಲಿ ಇಲ್ಲ, ಇರೋದು ಪುರಾತತ್ವ, ಸಂಗ್ರಹಾಲಯಗಳು ಮತ್ತು ಪರಂಪರೆ ಇಲಾಖೆ, ಅದರ ಮುಖ್ಯ ಕಚೇರಿ ಮೈಸೂರಲ್ಲಿ. ಬಹಳ ಕಾಲ ಅದು ಕನ್ನಡ ಮತ್ತು ಸಂಸ್ಕೃತಿ ಜೊತೆ ಇತ್ತು, ಆಮೇಲೆ ಪ್ರವಾಸೋದ್ಯಮ ಸಚಿವರ ಕೈಗೆ ಬಂತು. ಇದು ಬರೀ ಫೈಲ್ ಒಂದು ಟೇಬಲ್ಲಿಂದ ಇನ್ನೊಂದಕ್ಕೆ ಹೋದ ವಿಷಯ ಅಂತ ಬಿಟ್ಬಿಡೋ ಹಾಗಿಲ್ಲ. ಪ್ರವಾಸೋದ್ಯಮ ಅಂದ್ರೆ ಜನ ಬರೋ ಜಾಗಕ್ಕೆ ಮೊದಲು ದುಡ್ಡು, ಜನ ಬರದೆ ಇರೋ ಕುಬಟೂರಿನಂಥ ಊರಿನ ಪಾಡು ಏನಾಗತ್ತೆ ಅನ್ನೋದು ಆ ಬದಲಾವಣೆ ಒಳಗೇ ಇದೆ.

ಈ ಹಂಚಿಕೆ ಹೇಗಾಯ್ತು ಅಂತ ತಿಳ್ಕೊಳ್ಳೋಕೆ ಸ್ವಲ್ಪ ಹಿಂದೆ ಹೋಗ್ಬೇಕು. ಮೈಸೂರು ಸಂಸ್ಥಾನ 1885ರಲ್ಲೇ ಪುರಾತತ್ವ ಇಲಾಖೆ ಶುರು ಮಾಡಿತ್ತು, ದೇಶದ ಸಂಸ್ಥಾನಗಳಲ್ಲಿ ಇದು ಬಹಳ ಮುಂಚಿನ ಹೆಜ್ಜೆ. ರೈಸ್ ಅದರ ಹೊಣೆ ಹೊತ್ತವರು. ಊರೂರು ತಿರುಗಿ ಶಾಸನಗಳ ಪಡಿಯಚ್ಚು ತೆಗೆಸಿ ಎಪಿಗ್ರಾಫಿಯಾ ಕರ್ನಾಟಿಕಾ ಅಂತ 12 ಸಂಪುಟ ತಂದ್ರು. ಅದರಲ್ಲಿ ಎರಡು ಸಂಪುಟ ಪೂರ್ತಿ ನಮ್ಮ ಶಿವಮೊಗ್ಗ ಜಿಲ್ಲೆಗೇ ಮೀಸಲು. ಏಳನೇದು 1902ರಲ್ಲಿ, ಅದರಲ್ಲಿ ಶಿವಮೊಗ್ಗ, ಶಿಕಾರಿಪುರ, ಹೊನ್ನಾಳಿ, ಚನ್ನಗಿರಿ. ಎಂಟನೇದು 1904ರಲ್ಲಿ, ಸೊರಬ, ಸಾಗರ, ನಗರ, ತೀರ್ಥಹಳ್ಳಿ. ಗಾಡಿ ರಸ್ತೆ ಕೂಡ ಸರಿಯಾಗಿ ಇಲ್ಲದ ಕಾಲದಲ್ಲಿ, ಮಳೆಗಾಲದಲ್ಲಿ ಹೊಳೆ ದಾಟೋಕೂ ಆಗದ ಮಲೆನಾಡಲ್ಲಿ, ಯಾವ್ಯಾವ ಊರಲ್ಲಿ ಯಾವ ಕಲ್ಲು ಎಲ್ಲಿ ನಿಂತಿದೆ ಅಂತ ಬರೆದಿಟ್ಟಿದ್ದಾರಲ್ಲ, ಆ ಕೆಲಸದ ಮೇಲೆ ನನಗೆ ದೊಡ್ಡ ಗೌರವ. ಈಗಲೂ ಸಂಶೋಧನೆ ಮಾಡೋ ಹುಡುಗರು ಆ ಸಂಪುಟ ಕೈಯಲ್ಲಿ ಹಿಡ್ಕೊಂಡೇ ಊರಿಗೆ ಬರ್ತಾರೆ, ಸೊರಬ 10, ಸಾಗರ 45 ಅನ್ನೋ ಹಾಗೆ ಶಾಸನಗಳನ್ನ ತಾಲ್ಲೂಕಿನ ಹೆಸರು ನಂಬರಲ್ಲೇ ಕರೀತಾರೆ.

ರೈಸ್ ಆದ್ಮೇಲೆ ಆರ್. ನರಸಿಂಹಾಚಾರ್, ಆರ್. ಶಾಮಾಶಾಸ್ತ್ರಿ, ಎಂ.ಎಚ್. ಕೃಷ್ಣ ಇಂಥವರು ಇಲಾಖೆ ನಡೆಸಿದ್ರು. ಎಲ್ಲಾ ವಿದ್ವಾಂಸರು. 1925ರಲ್ಲಿ ಸಂಸ್ಥಾನ ತನ್ನದೇ ಪ್ರಾಚೀನ ಸ್ಮಾರಕ ರಕ್ಷಣೆಯ ರೆಗ್ಯುಲೇಷನ್ ಕೂಡ ತಂತು. ಅಂದ್ರೆ ಆಗ ಶಿಕಾರಿಪುರ ತಾಲ್ಲೂಕಿನ ಬಳ್ಳಿಗಾವಿ ಕೇದಾರೇಶ್ವರ ಗುಡಿಗೆ ಏನಾದ್ರೂ ಆದ್ರೆ ಕೇಳಬೇಕಾದ್ದು ಮೈಸೂರನ್ನ, ಉತ್ತರ ಬರ್ತಿದ್ದೂ ಮೈಸೂರಿಂದ.

ಸ್ವಾತಂತ್ರ್ಯ ಬಂದ್ಮೇಲೆ ಚಿತ್ರ ಬದಲಾಯ್ತು. ಸಂವಿಧಾನ ಸ್ಮಾರಕಗಳನ್ನ ಎರಡು ಪಾಲು ಮಾಡ್ತು, ರಾಷ್ಟ್ರೀಯ ಮಹತ್ವದ್ದು ಅಂತ ಘೋಷಣೆ ಆದವು ಕೇಂದ್ರ ಪಟ್ಟಿಯ 67ನೇ ನಮೂದಿಗೆ, ಉಳಿದ ಪ್ರಾಚೀನ ಸ್ಮಾರಕಗಳು ರಾಜ್ಯ ಪಟ್ಟಿಯ 12ನೇ ನಮೂದಿಗೆ, ಇದರ ಜೊತೆಗೆ ಪುರಾತತ್ವ ನೆಲೆಗಳು ಅಂತ ಕೇಂದ್ರ, ರಾಜ್ಯ ಎರಡೂ ಕಾನೂನು ಮಾಡಬಹುದಾದ ಸಮವರ್ತಿ ಪಟ್ಟಿಯಲ್ಲಿ 40ನೇ ನಮೂದು ಬೇರೆ. ಆಮೇಲೆ 1951ರಲ್ಲಿ ಪಾರ್ಲಿಮೆಂಟ್ ಒಂದು ಕಾಯ್ದೆ ಮಾಡಿ ಮೈಸೂರು, ಹೈದರಾಬಾದಿನಂಥ, ಮೊದಲು ಸಂಸ್ಥಾನಗಳಾಗಿದ್ದ 'ಬಿ' ವರ್ಗದ ರಾಜ್ಯಗಳಲ್ಲಿದ್ದ ಮುಖ್ಯ ಸ್ಮಾರಕಗಳನ್ನ ರಾಷ್ಟ್ರೀಯ ಮಹತ್ವದವು ಅಂತ ಸಾರಿತು. ಮೈಸೂರು ಇಲಾಖೆ ಅಷ್ಟು ವರ್ಷ ನೋಡ್ಕೊಂಡಿದ್ದ ದೊಡ್ಡ ದೊಡ್ಡ ಗುಡಿಗಳು ದೆಹಲಿ ಲೆಕ್ಕಕ್ಕೆ ಹೋದವು. ಇವತ್ತು ಬಳ್ಳಿಗಾವಿ ಕೇದಾರೇಶ್ವರ, ತ್ರಿಪುರಾಂತಕ, ತಾಳಗುಂದ, ಕುಬಟೂರಿನ ಕೈಟಭೇಶ್ವರ, ಇಕ್ಕೇರಿ ಅಘೋರೇಶ್ವರ, ಕೆಳದಿ ರಾಮೇಶ್ವರ, ಎಲ್ಲಾ ಭಾರತೀಯ ಪುರಾತತ್ವ ಸರ್ವೇಕ್ಷಣ ಇಲಾಖೆ, ಅಂದ್ರೆ ಎಎಸ್ಐ ಕೈಯಲ್ಲಿವೆ. ಕೇಂದ್ರದ 1958ರ ಕಾಯ್ದೆ ಇವಕ್ಕೆ ಅನ್ವಯ ಆಗತ್ತೆ.

ರಾಜ್ಯಕ್ಕೆ ಉಳಿದಿದ್ದು ಉಳಿದದ್ದು. ಅದಕ್ಕಂತ 1961ರಲ್ಲಿ ರಾಜ್ಯದ್ದೇ ಪ್ರಾಚೀನ ಮತ್ತು ಐತಿಹಾಸಿಕ ಸ್ಮಾರಕಗಳ ಕಾಯ್ದೆ ಬಂತು. ಮಂತ್ರಿಗೆ ನಿಜವಾದ ಅಧಿಕಾರ ಅಂತ ಇದ್ರೆ ಅದು ಇರೋದು ಈ ಕಾಯ್ದೆಯಲ್ಲಿ, ಹಾಗಾಗಿ ಇಲ್ಲಿ ಸ್ವಲ್ಪ ನಿಧಾನಕ್ಕೆ ಹೇಳ್ತೀನಿ. ಒಂದು ಗುಡಿಯನ್ನೋ ಕೋಟೆಯನ್ನೋ ರಕ್ಷಿತ ಸ್ಮಾರಕ ಮಾಡ್ಬೇಕು ಅಂದ್ರೆ ಸರ್ಕಾರ ಮೊದಲು ಹೀಗೆ ಮಾಡೋ ಉದ್ದೇಶ ಇದೆ ಅಂತ ಗೆಜೆಟ್ಟಲ್ಲಿ ಹೊರಡಿಸ್ಬೇಕು, ಆ ಜಾಗದ ಹತ್ರ ಅದರ ಪ್ರತಿ ಅಂಟಿಸ್ಬೇಕು, ಎರಡು ತಿಂಗಳು ಆಕ್ಷೇಪಣೆಗೆ ಟೈಮ್ ಕೊಡ್ಬೇಕು, ಬಂದ ಆಕ್ಷೇಪಣೆ ನೋಡಿ ಆಮೇಲೆ ಅಂತಿಮ ಘೋಷಣೆ. ಆ ಫೈಲು ಮಂತ್ರಿ ಟೇಬಲ್ಲಲ್ಲಿ ವರ್ಷಗಟ್ಲೆ ಕೂತ್ರೆ ಆ ಸ್ಮಾರಕಕ್ಕೆ ಕಾನೂನಿನ ಲೆಕ್ಕದಲ್ಲಿ ಅಸ್ತಿತ್ವವೇ ಇಲ್ಲ. ಯಾರೋ ಜೆಸಿಬಿ ತಂದು ಹಳೇ ಕಲ್ಲು ಎತ್ತಿ ರಸ್ತೆಗೆ ಹಾಕಿದ್ರೆ ಈ ಕಾಯ್ದೆ ಕೆಳಗೆ ಕೇಸ್ ಹಾಕೋಕೂ ಆಗಲ್ಲ. ಇಡೀ ರಾಜ್ಯದಲ್ಲಿ ಹೀಗೆ ರಾಜ್ಯದ ರಕ್ಷಣೆ ಸಿಕ್ಕಿರೋ ಸ್ಮಾರಕ 800 ಚಿಲ್ಲರೆ, ಎಎಸ್ಐದು 500 ಚಿಲ್ಲರೆ. ಮಿಕ್ಕ ಸಾವಿರಾರು ಗುಡಿ, ಕಲ್ಲು, ಕೋಟೆ, ಪುಷ್ಕರಣಿಗೆ ಊರಿನವರೇ ಕಾವಲು.

ಸಹಿ ಹಾಕೋ ಅಧಿಕಾರ ಒಂದು ಕಡೆ, ಹಣ ಮತ್ತು ಜನ ಇನ್ನೊಂದು ಕಡೆ. ಪುರಾತತ್ವಕ್ಕೆ ಎಷ್ಟು ಕೊಡ್ಬೇಕು ಅಂತ ಬಜೆಟ್ ಟೈಮಲ್ಲಿ ಹಣಕಾಸು ಇಲಾಖೆ ಜೊತೆ ಕೂತು ಜಗ್ಗಾಡೋದು ಮಂತ್ರಿ ಕೆಲಸ, ಖಾಲಿ ಹುದ್ದೆ ತುಂಬಿಸೋದೂ ಅವರದೇ ಕೆಲಸ. ಊರೂರಿಗೆ ಹೋಗಿ ಗ್ರಾಮವಾರು ಸರ್ವೇಕ್ಷಣೆ ಮಾಡೋಕೆ ಶಾಸನ ಓದಬಲ್ಲವರು ಬೇಕು, ಸುಣ್ಣ ಗಾರೆ ಕೆಲಸ ಗೊತ್ತಿರೋ ಮೇಸ್ತ್ರಿ ಬೇಕು, ಮಲೆನಾಡಿನ ಮಳೆಗೆ ಪಾಚಿ ಕಟ್ಟಿ ಸೋರೋ ಗುಡಿಗೆ ವರ್ಷಾವರ್ಷ ರಿಪೇರಿ ಬೇಕು. ಇಲ್ಲಿ ಬೀಳೋ ಮಳೆಗೆ ಒಂದು ಅತ್ತಿ ಗಿಡ ಮಾಡಿನ ಸಂದಿಯಲ್ಲಿ ಬೇರು ಬಿಟ್ರೆ ಕೆಲವೇ ವರ್ಷದಲ್ಲಿ ಕಲ್ಲು ಬಾಯಿ ಬಿಡತ್ತೆ. ಬಯಲುಸೀಮೆ ಲೆಕ್ಕದಲ್ಲಿ ಮಾಡಿದ ಅಂದಾಜು ಪಟ್ಟಿ ಇಲ್ಲಿಗೆ ಸಾಲಲ್ಲ ಅನ್ನೋದು ನನ್ನ ಅಭಿಪ್ರಾಯ.

ಹಾಗಾದ್ರೆ ಪ್ರತ್ಯೇಕ ಮಂತ್ರಿ ಯಾಕೆ ಮಾಡಲ್ಲ? ಖಾತೆ ಹಂಚೋದು ಸಂವಿಧಾನದ 166ನೇ ವಿಧಿ ಕೆಳಗೆ ಮಾಡಿರೋ ನಿಯಮಗಳ ಪ್ರಕಾರ, ನಮ್ಮ ರಾಜ್ಯದಲ್ಲಿ ಅವು 1977ರ ನಿಯಮಗಳು. ಯಾವ ವಿಷಯ ಯಾವ ಇಲಾಖೆಗೆ ಅನ್ನೋದು ಅದರಲ್ಲಿ ಬರೆದಿರತ್ತೆ, ಮುಖ್ಯಮಂತ್ರಿ ಬೇಕು ಅಂದ್ರೆ ಬದಲಾಯಿಸಬಹುದು. ಆದ್ರೆ 2003ರ 91ನೇ ತಿದ್ದುಪಡಿ ಆದ್ಮೇಲೆ ವಿಧಾನಸಭೆ ಬಲದ ನೂರಕ್ಕೆ 15ರಷ್ಟೇ ಮಂತ್ರಿಗಳು ಇರಬಹುದು, 224 ಸೀಟಿಗೆ ಲೆಕ್ಕ ಹಾಕಿದ್ರೆ ಮುಖ್ಯಮಂತ್ರಿ ಸೇರಿ 34. ಜಾತಿ, ಜಿಲ್ಲೆ, ಹಿರಿತನ ಎಲ್ಲಾ ನೋಡಿ ಹಂಚೋ ಆ 34ರಲ್ಲಿ ಹಳೇ ಕಲ್ಲಿಗಂತಲೇ ಒಬ್ಬರನ್ನ ಇಡೋಕೆ ಯಾರೂ ಮುಂದೆ ಬಂದಿಲ್ಲ. ಅದಕ್ಕೇ ಅದು ಯಾವಾಗ್ಲೂ ಇನ್ನೊಂದು ದೊಡ್ಡ ಖಾತೆ ಬಾಲವಾಗೇ ಬರತ್ತೆ.

ಖಾತೆ ಚಿಕ್ಕದಾದ್ರೂ ಆಸಕ್ತಿ ಇರೋ ಮಂತ್ರಿ ಸಿಕ್ಕಿದ್ರೆ ಏನಾಗತ್ತೆ ಅನ್ನೋಕೆ ಉದಾಹರಣೆ ಪಕ್ಕದಲ್ಲೇ ಇದೆ. ತಮಿಳುನಾಡಿನ ಕೀಳಡಿಯಲ್ಲಿ ಎಎಸ್ಐ ಮೂರು ಹಂತ ಉತ್ಖನನ ಮಾಡಿ ನಿಲ್ಲಿಸಿದ ಮೇಲೆ ರಾಜ್ಯದ ಇಲಾಖೆಯೇ ಮುಂದಿನ ಹಂತಗಳನ್ನ ಕೈಗೆತ್ತಿಕೊಂಡಿತು, 2023ರಲ್ಲಿ ಅಲ್ಲೇ ಮ್ಯೂಸಿಯಂ ತೆರೀತು. ಅಲ್ಲಿ ಪುರಾತತ್ವ ನೋಡ್ಕೊಂಡ ತಂಗಂ ತೆನ್ನರಸು ಅವರ ಕೈಲಿ ಮೊದಲು ಕೈಗಾರಿಕೆ, ಆಮೇಲೆ ಹಣಕಾಸು ಖಾತೆಯೂ ಇತ್ತು ಅನ್ನೋದು ಗಮನಿಸಿ. ನಮ್ಮಲ್ಲೂ 2023ರಲ್ಲಿ ಪ್ರವಾಸೋದ್ಯಮ ಸಚಿವರಾದ ಎಚ್.ಕೆ. ಪಾಟೀಲರು ತಮ್ಮ ಗದಗ ಜಿಲ್ಲೆಯ ಲಕ್ಕುಂಡಿ ಬಗ್ಗೆ ಆಸ್ಥೆ ತಗೊಂಡ್ರು, ಮನೆಮನೆಯಲ್ಲಿ, ಹಿತ್ತಲಲ್ಲಿ ಬಿದ್ದಿದ್ದ ಶಿಲ್ಪ, ಶಾಸನದ ತುಂಡುಗಳನ್ನ ಊರವರಿಂದಲೇ ಸಂಗ್ರಹಿಸೋ ಕೆಲಸ ನಡೀತು. ಒಳ್ಳೇ ಕೆಲಸ. ಅದೇ ಕೆಲಸ ಬಳ್ಳಿಗಾವಿಯಲ್ಲಿ ಯಾಕಾಗಬಾರದು ಅಂತ ನಾವು ಕೇಳ್ಬೇಕು, ಅಲ್ಲಮ ಹುಟ್ಟಿದ ಊರದು, ಒಂದು ಕಾಲಕ್ಕೆ ಮಠ, ಬಸದಿ, ಬೌದ್ಧ ವಿಹಾರ ಎಲ್ಲಾ ಇದ್ದ ದೊಡ್ಡ ರಾಜಧಾನಿ, ಈಗಲೂ ಮನೆ ಪಾಯ ತೆಗೆದ್ರೆ ಕೆತ್ತನೆ ಕಲ್ಲು ಸಿಗೋ ಜಾಗ.

ಮುಜರಾಯಿ ಕಥೆ ಬೇರೆ. ರಾಜ್ಯದ ಸುಮಾರು 34 ಸಾವಿರ ಗುಡಿಗಳು ಆ ಇಲಾಖೆ ಕೆಳಗಿವೆ, ಬಹುಪಾಲು 'ಸಿ' ವರ್ಗ, ಅಂದ್ರೆ ವರ್ಷಕ್ಕೆ 5 ಲಕ್ಷಕ್ಕಿಂತ ಕಡಿಮೆ ಆದಾಯ, ಸರ್ಕಾರ ವರ್ಷಾವರ್ಷ ಕೊಡೋ ತಸ್ತೀಕ್ ಹಣದಲ್ಲಿ ಎಣ್ಣೆ ಬತ್ತಿ ನಡೆಯೋವು. ಅಲ್ಲಿ ಜೀರ್ಣೋದ್ಧಾರ ಅಂದ್ರೆ ಊರವರ ಭಕ್ತಿ, ಅದನ್ನ ತಪ್ಪು ಅನ್ನೋಕಾಗಲ್ಲ. ಆದ್ರೆ ಹಳೇ ಗರ್ಭಗುಡಿ ಕೆಡವಿ ಟೈಲ್ಸ್ ಹಾಕೋದು, ಶಾಸನದ ಕಲ್ಲಿಗೆ ಆಯಿಲ್ ಪೇಂಟ್ ಬಳಿಯೋದು ನಡೀತಾನೇ ಇದೆ, ತಡೆಯೋಕೆ ಪುರಾತತ್ವದವರಿಗೆ ಅಧಿಕಾರ ಇಲ್ಲ, ಯಾಕಂದ್ರೆ ಗುಡಿ ಅವರ ಪಟ್ಟಿಯಲ್ಲಿಲ್ಲ. ಎರಡು ಇಲಾಖೆ ಮಂತ್ರಿಗಳು ಕೂತು ಮಾತಾಡಿದ್ರೆ ಮಾತ್ರ ಇದಕ್ಕೆ ದಾರಿ. 1991ರಿಂದ ಧರ್ಮಸ್ಥಳದ ಧರ್ಮೋತ್ಥಾನ ಟ್ರಸ್ಟ್ ಸರ್ಕಾರದ ಮತ್ತು ಊರವರ ದುಡ್ಡು ಸೇರಿಸಿ, ಹಳೇ ಕಲ್ಲುಗಳನ್ನೇ ಮತ್ತೆ ಜೋಡಿಸಿ ನೂರಾರು ಗುಡಿ ಉಳಿಸಿದೆ, ಅಂದ್ರೆ ಕೆಡವದೆ ಜೀರ್ಣೋದ್ಧಾರ ಆಗತ್ತೆ ಅನ್ನೋದು ನಮ್ಮ ನಾಡಲ್ಲೇ ಮಾಡಿ ತೋರಿಸಿದ ವಿಷಯ. ನಿಧಿ ಆಸೆಗೆ ರಾತ್ರಿ ಗುಡಿ ಅಗೆಯೋರ ಕಾಟವೂ ಮಲೆನಾಡಿಗೆ ಹೊಸದಲ್ಲ, ಅದಕ್ಕೆ ಪೊಲೀಸ್, ಅಂದ್ರೆ ಗೃಹ ಇಲಾಖೆ.

ಇನ್ನು ಜನರ ಕಡೆಯಿಂದ ನೋಡಿದ್ರೆ ರಕ್ಷಿತ ಸ್ಮಾರಕ ಅಂದ ಕೂಡ್ಲೇ ಹೆದರಿಕೆ. ಕೇಂದ್ರದ ಸ್ಮಾರಕ ಆದ್ರೆ 2010ರ ತಿದ್ದುಪಡಿ ಪ್ರಕಾರ 100 ಮೀಟರ್ ಒಳಗೆ ಹೊಸದಾಗಿ ಕಟ್ಟೋ ಹಾಗಿಲ್ಲ, ಅದರಾಚೆ ಇನ್ನೂ 200 ಮೀಟರ್ ನಿಯಂತ್ರಿತ. ಗುಡಿ ಪಕ್ಕದಲ್ಲೇ ತಲೆತಲಾಂತರದಿಂದ ಮನೆ ಇರೋರಿಗೆ ಹಂಚು ತೆಗೆದು ಆರ್‌ಸಿಸಿ ಹಾಕೋಕೂ ಪರವಾನಗಿ, ಅರ್ಜಿ ರಾಷ್ಟ್ರೀಯ ಸ್ಮಾರಕ ಪ್ರಾಧಿಕಾರದ ತನಕ ಹೋಗ್ಬೇಕು. ಈ ಕಷ್ಟ ನಿಜ. ಊರವರ ಪರವಾಗಿ ದೆಹಲಿ ಜೊತೆ ಮಾತಾಡೋರು ರಾಜ್ಯದ ಮಂತ್ರಿ ಆಗ್ಬೇಕು, ಆದ್ರೆ ಕೇಂದ್ರದ ವಿಷಯ ಅಂತ ಕೈ ತೊಳ್ಕೊಳ್ಳೋದೇ ಜಾಸ್ತಿ. ಹಂಪಿಯಲ್ಲಿ ಹಾಗಾಗ್ಲಿಲ್ಲ, ಸ್ಮಾರಕಗಳ ಹತ್ರ ಆನೆಗೊಂದಿ ಸೇತುವೆ ಕಟ್ಟೋ ಗಲಾಟೆಯಲ್ಲಿ 1999ರಲ್ಲಿ ಯುನೆಸ್ಕೋ ಅದನ್ನ ಅಪಾಯದ ಪಟ್ಟಿಗೆ ಹಾಕಿದ ಮೇಲೆ ರಾಜ್ಯವೇ 2002ರಲ್ಲಿ ಹಂಪಿಗಂತಲೇ ಪ್ರಾಧಿಕಾರದ ಕಾಯ್ದೆ ತಂತು, 2006ರಲ್ಲಿ ಹಂಪಿ ಆ ಪಟ್ಟಿಯಿಂದ ಹೊರಗೆ ಬಂತು.

ಯುನೆಸ್ಕೋ ಅಂದ್ಮೇಲೆ ಮಲೆನಾಡಿನವರು 2012 ಮರೆಯೋ ಹಾಗಿಲ್ಲ. ಪಶ್ಚಿಮಘಟ್ಟದ 39 ತಾಣಗಳು ವಿಶ್ವಪರಂಪರೆ ಪಟ್ಟಿ ಸೇರಿದಾಗ ಕರ್ನಾಟಕದ ಹತ್ತು ಅದರಲ್ಲಿದ್ವು, ಆಗುಂಬೆ ಕಾಡು, ಕುದುರೆಮುಖ, ಸೋಮೇಶ್ವರ ಸೇರಿ. ಆಗಿನ ರಾಜ್ಯ ಸರ್ಕಾರ ಅದಕ್ಕೆ ವಿರೋಧ ಮಾಡಿತ್ತು, ಒಕ್ಕಲೆಬ್ಬಿಸ್ತಾರೆ ಅನ್ನೋ ಭಯ ಹಳ್ಳಿಗಳಲ್ಲಿ ಹಬ್ಬಿತ್ತು. ಅದೇ ರಾಜ್ಯದಲ್ಲಿ 2023ರಲ್ಲಿ ಬೇಲೂರು, ಹಳೇಬೀಡು, ಸೋಮನಾಥಪುರ ಪಟ್ಟಿ ಸೇರಿದಾಗ ಎಲ್ಲರೂ ಸಂಭ್ರಮ ಪಟ್ರು. ಕಾಡು ಅರಣ್ಯ ಮಂತ್ರಿಗೆ, ಗುಡಿ ಇನ್ನೊಬ್ಬ ಮಂತ್ರಿಗೆ ಅಂತ ಆದಾಗ ಜನರ ಹತ್ರ ಕೂತು ಏನು ಸಿಗತ್ತೆ, ಏನು ಹೋಗತ್ತೆ ಅಂತ ಬಿಡಿಸಿ ಹೇಳೋರೇ ಇರಲ್ಲ. ಕವಲೇದುರ್ಗ ನೋಡಿ, ಕೋಟೆ ಇರೋದೇ ಕಾಡಿನ ಮಧ್ಯ, ಅಲ್ಲಿ ಕಲ್ಲು ಉಳಿಸೋದು ಮರ ಉಳಿಸೋದು ಬೇರೆ ಬೇರೆ ಕೆಲಸ ಹೇಗಾಗತ್ತೆ?

ತಾಳಗುಂದದಲ್ಲೇ 2013ರಲ್ಲಿ ಎಎಸ್ಐ ಕೆಲಸ ಮಾಡ್ವಾಗ ಸಿಂಹಕಟಾಂಜನದ (ಮೆಟ್ಟಿಲ ಪಕ್ಕದ ಸಿಂಹದ ಕೆತ್ತನೆಯ ಕಟಕಟೆ) ಶಾಸನ ಸಿಕ್ತು, ಅದರ ಕಾಲ ಕ್ರಿ.ಶ. 370 ಅಂತ ಇಲಾಖೆ ಹೇಳ್ತು, ಹಲ್ಮಿಡಿಗಿಂತ ಹಳೇ ಕನ್ನಡ ಅಂತ ಸುದ್ದಿ ಆಯ್ತು. ಇಷ್ಟು ವರ್ಷ ಜನ ಓಡಾಡ್ತಿದ್ದ ಜಾಗದ ಮಣ್ಣಲ್ಲೇ ಅದು ಇತ್ತು. ಇಂಥದ್ದು ಇನ್ನೆಷ್ಟು ಊರಲ್ಲಿದೆಯೋ ಅಂತ ನೋಡೋಕೆ ನಮ್ಮ ಏಳು ತಾಲ್ಲೂಕಿನ ಶಾಸಕರು ಸದನದಲ್ಲಿ ಕೇಳಬೇಕಾದ ಪ್ರಶ್ನೆ ಬಹಳ ಸರಳ: ರೈಸ್ ಸಂಪುಟದಲ್ಲಿ ಬರೆದಿರೋ ಶಾಸನಗಳಲ್ಲಿ ಇವತ್ತು ಜಾಗದಲ್ಲಿ ಇರೋದೆಷ್ಟು, ಕಾಣೆ ಆಗಿದ್ದೆಷ್ಟು, ಆಮೇಲೆ ಸಿಕ್ಕ ವೀರಗಲ್ಲು, ಮಾಸ್ತಿಕಲ್ಲುಗಳ ತಾಲ್ಲೂಕುವಾರು ಪಟ್ಟಿ ಎಲ್ಲಿದೆ, 1961ರ ಕಾಯ್ದೆ ಕೆಳಗೆ ಘೋಷಣೆಗೆ ಕಾಯ್ತಿರೋ ಫೈಲು ಎಷ್ಟು, ಅವು ಯಾರ ಟೇಬಲ್ ಮೇಲಿವೆ. ಲಿಖಿತ ಉತ್ತರ ಕೊಡೋದು ಆ ಖಾತೆ ಹೊತ್ತ ಮಂತ್ರಿಯ ಹೊಣೆ, ಖಾತೆಗೆ ಯಾವ ಹೆಸರೇ ಇರ್ಲಿ.